ಮಣ್ಣಿನೊಳಗಿನ ದೀನಾರ



ಸಂಸ್ಕೃತ ಪಾಠಶಾಲೆಯಲ್ಲಿ ನಾವು ಅಮರಕೋಶವನ್ನು ಕಂಠಪಾಠ ಮಾಡಿದೆವು. ಅದರಲ್ಲಿ ದೀನಾರವೆಂಬ ಶಬ್ದ ಬರುತ್ತದೆ. ಇದು ನಮ್ಮ ನೆಲದ ಶಬ್ದವಲ್ಲ. ರೋಮಿನ ಬೆಳ್ಳಿಯ ನಾಣ್ಯಕ್ಕೆ ದೆನಾರಿಯಸ್ ಎಂದು ಹೆಸರು; ನಾಣ್ಯದ ಜೊತೆಗೆ ಹೆಸರೂ ಸಮುದ್ರ ದಾಟಿ ಬಂದು ದೇವಭಾಷೆಯಲ್ಲಿ ಮನೆ ಮಾಡಿಕೊಂಡಿತು.

ನೀವು ಕುಳಿತಿರುವ ಈ ಯಶವಂತಪುರದಲ್ಲಿಯೇ 1891ರಲ್ಲಿ ಅಂತಹ 163 ನಾಣ್ಯಗಳು ದೊರೆತವು. ಆಗಸ್ಟಸ್, ತಿಬೇರಿಯಸ್, ಕ್ಲಾಡಿಯಸ್ ಎಂಬ ಚಕ್ರವರ್ತಿಗಳ ಕಾಲದವು. ಬಸವಣ್ಣನವರಿಗಿಂತ ಸಾವಿರದ ನೂರು ವರ್ಷ ಹಿಂದಿನ ಮಾತು! ಆದರೆ ಆ ಕಾಲದ ಊರು ಇಲ್ಲಿ ಕಣ್ಣಿಗೆ ಕಾಣುವುದಿಲ್ಲ. ಅದಕ್ಕೆ ಚಿತ್ರದುರ್ಗದ ಚಂದ್ರವಳ್ಳಿಗೆ ಹೋಗಬೇಕು.

ಮಠದ ವಿದ್ಯಾರ್ಥಿಗಳನ್ನು ಕರೆದುಕೊಂಡು ನಾವು ಅಲ್ಲಿಗೆ ಹೋಗಿದ್ದೆವು. ಸುತ್ತ ಕಲ್ಲುಬೆಟ್ಟಗಳು, ನಡುವೆ ಕೆರೆ. ಭೈರವೇಶ್ವರ ಗುಡಿಯ ಬಳಿಯ ಬಂಡೆಯ ಮೇಲೆ ಕದಂಬ ಮಯೂರಶರ್ಮನ ಶಾಸನ. ಲಿಪಿ ಬ್ರಾಹ್ಮಿ, ಭಾಷೆ ಪ್ರಾಕೃತ, ವಿಷಯ ಕೆರೆಯದು. ರಾಜನಾದವನು ಕೆರೆಯ ಮಾತನ್ನು ಕಲ್ಲಿನಲ್ಲಿ ಬರೆಸಿದನಲ್ಲ, ಅದು ನಮಗೆ ಬಹಳ ಹಿಡಿಸಿತು. ಹುಡುಗರಿಗೆ ಮಾತ್ರ ನಿರಾಶೆ. “ಬುದ್ಧೀ, ಊರು ಎಲ್ಲಿ?” ಎಂದು ಒಬ್ಬ ಕೇಳಿದ. ಅವನು ನಿಂತದ್ದು ಊರಿನ ಮೇಲೆಯೇ.

ಮೈಸೂರಿನ ಡಾ. ಎಂ. ಎಚ್. ಕೃಷ್ಣ ಅವರು ಅಲ್ಲಿ ಅಗೆಸಿದರು. 1947ರಲ್ಲಿ ವೀಲರ್ ಎಂಬ ಆಂಗ್ಲ ವಿದ್ವಾಂಸರು ಅಗೆಸಿದರು. ಶಾತವಾಹನರ ನಾಣ್ಯಗಳೂ ಸಿಕ್ಕವು, ರೋಮಿನ ದೀನಾರಗಳೂ ಸಿಕ್ಕವು. ಇಲ್ಲಿ ಒಂದು ಸೂಕ್ಷ್ಮವಿದೆ. ಮಡಕೆಯ ಚೂರಿನ ಮೇಲೆ ಇಸವಿ ಇರುವುದಿಲ್ಲ. ತಿಬೇರಿಯಸ್ ತೀರಿಕೊಂಡದ್ದು ಕ್ರಿ.ಶ. 37ರಲ್ಲಿ ಎಂಬುದು ಗೊತ್ತಿದೆ. ಅವನ ನಾಣ್ಯ ಯಾವ ಪದರದಲ್ಲಿ ಬಿದ್ದಿದೆಯೋ ಆ ಪದರ ಅವನ ಆಳ್ವಿಕೆಗಿಂತ ಹಿಂದಿನದಾಗಲಾರದು. ಹೀಗೆ ಅನಾಮಧೇಯ ಕುಂಬಾರರ ಕಾಲ ಗೊತ್ತಾಗುತ್ತದೆ. ಅದೇ ನಾಣ್ಯವನ್ನು ಯಾರಾದರೂ ಮೊದಲೇ ಕಿತ್ತು ಅಕ್ಕಸಾಲಿಗನ ಮೂಸೆಗೆ ಹಾಕಿಸಿದ್ದರೆ? ಕಾಲುಂಗುರಕ್ಕೆ ಆಗುವಷ್ಟು ಬೆಳ್ಳಿ!

ಇದನ್ನು ಇಂದು ಏಕೆ ಹೇಳುತ್ತಿದ್ದೇವೆ? ಯಲಹಂಕ, ಹೆಬ್ಬಾಳದ ಕಡೆ ಪಾಯ ತೆಗೆಯದ ಬೀದಿಯಿಲ್ಲ. ಸುಮಾರು ಕ್ರಿ.ಶ. 750ರ ಕಿತ್ತಯ್ಯನ ವೀರಗಲ್ಲು ಹೆಬ್ಬಾಳದಲ್ಲಿ ಬೆಳಕಿಗೆ ಬಂದದ್ದು 2018ರಲ್ಲಿ. “ಕಲ್ಲು ಸಿಕ್ಕಿತೆಂದರೆ ಸೈಟು ಹೋಗುತ್ತದೆ ಬುದ್ಧೀ, ಮುಚ್ಚಿಬಿಡುತ್ತೇವೆ” ಎಂದು ನಮ್ಮ ಮುಂದೆಯೇ ಭಕ್ತರೊಬ್ಬರು ಹೇಳಿದರು. ಅವರ ಭಯ ನಮಗೆ ಅರ್ಥವಾಗುತ್ತದೆ. ಸಾಲ ಮಾಡಿ ಕೊಂಡ ನೆಲ. ಆದರೆ ಕಿತ್ತಯ್ಯನ ಕಲ್ಲನ್ನು ಮುಚ್ಚಿದ್ದರೆ ಅವನ ಹೆಸರು ಹೇಳುವವರು ಯಾರು? ನಿಧಿ ಸಿಕ್ಕಿದರಂತೂ ಜಿಲ್ಲಾಧಿಕಾರಿಗಳಿಗೆ ತಿಳಿಸಬೇಕೆಂಬುದು ಕಾನೂನು. ಏನೇ ಸಿಗಲಿ, ಆ ದಿನದ ಕೆಲಸ ನಿಲ್ಲಿಸಿರಿ, ಇದ್ದಲ್ಲಿಯೇ ಬಿಡಿರಿ, ತಿಳಿದವರನ್ನು ಕರೆಯಿಸಿರಿ. ಕರೆಯಿಸುವುದು ಹೇಗೆಂದು ತೋಚದಿದ್ದರೆ ಮಠಕ್ಕೆ ಬನ್ನಿರಿ. ಹುಣಸೆಹಣ್ಣು ಹಾಕಿ ತಿಕ್ಕಬೇಡಿರಿ.