ಬೆಟ್ಟದ ಮನೆಯವನು

ಆಲ್ಪ್ಸ್ ಪರ್ವತಗಳಲ್ಲಿ ದಾರಿ ತೋರಿಸುವುದು ಒಂದು ಕಸುಬು. ಅಂಬಿಗನು ಹೊಳೆ ದಾಟಿಸುವಂತೆ ಅಲ್ಲಿಯ ಮಾರ್ಗದರ್ಶಿ ದುಡ್ಡು ಕೊಟ್ಟವರನ್ನು ಹಿಮದ ಶಿಖರಕ್ಕೆ ಹತ್ತಿಸಿ, ಮತ್ತೆ ಕ್ಷೇಮವಾಗಿ ಇಳಿಸುತ್ತಾನೆ. ಹತ್ತಿದ ಕೀರ್ತಿ ದುಡ್ಡು ಕೊಟ್ಟವನಿಗೆ. ಹಗ್ಗ ಹಿಡಿದವನಿಗೆ ಕೂಲಿ. ಈ ಕಸುಬಿನಲ್ಲಿದ್ದೂ ಈ ಲೆಕ್ಕವನ್ನು ಒಪ್ಪದೆ ಹೋದ ಒಬ್ಬನ ಕಥೆಯನ್ನು ಹೇಳಬೇಕೆಂದಿದ್ದೇನೆ.

ಅವನ ಹೆಸರು ಜಾನ್ ಆಂತ್ವಾನ್ ಕರೆಲ್. ಹುಟ್ಟಿದ್ದು 1829ರಲ್ಲಿ, ಈಗ ಇಟಲಿಗೆ ಸೇರಿದ ಆವೋಸ್ತಾ ಸೀಮೆಯ ವಾಲ್ತೂರ್ನಾಂಶ್ ಎಂಬ ಹಳ್ಳಿಯಲ್ಲಿ. ಬೇಟೆಗಾರ, ಸಿಪಾಯಿಯಾಗಿ ಆಸ್ಟ್ರಿಯದ ಮೇಲೆ ಕಾದಿದವನು. ಕಣಿವೆಯ ತುದಿಯಲ್ಲಿ 4,478 ಮೀಟರ್ ಎತ್ತರದ ಮ್ಯಾಟರ್‌ಹಾರ್ನ್ ನಿಂತಿದೆ. ಅದನ್ನು ಹತ್ತಲಾಗದೆಂದು ಊರವರೆಲ್ಲ ನಂಬಿದ್ದ ಕಾಲದಲ್ಲಿ, 1857ರಲ್ಲಿಯೇ, ಕರೆಲ್ ಒಂದಿಬ್ಬರನ್ನು ಕೂಡಿಕೊಂಡು ಅದರ ಮೇಲೆ ಕೈಯಿಟ್ಟ. ಆಗ ಅವನನ್ನು ಕರೆದೊಯ್ದ ಸಾಹುಕಾರ ಯಾರೂ ಇಲ್ಲ, ಕೂಲಿಯೂ ಇಲ್ಲ. 1861ರಲ್ಲಿ ಇನ್ನೂ ಮೇಲೇರಿ, ಬಂಡೆಯೊಂದರ ಮೇಲೆ ತನ್ನ ಹೆಸರಿನ ಅಕ್ಷರಗಳನ್ನು ಕೆತ್ತಿ ಬಂದ. ಹೊಲದ ಎಲ್ಲೆಗೆ ಕಲ್ಲು ನೆಟ್ಟಂತೆ!

ಮರುವರ್ಷ ಟಿಂಡಲ್ ಎಂಬ ವಿಜ್ಞಾನಿ ಸ್ವಿಸ್ ಮಾರ್ಗದರ್ಶಿಗಳೊಡನೆ ಬಂದಾಗ ಕರೆಲನನ್ನು ಹೊರೆಯಾಳಾಗಿ ಸೇರಿಸಿಕೊಂಡ. ಶಿಖರ ಕಣ್ಣೆದುರಿಗೆ ಬಂದು ದಾರಿ ಕಾಣದಾದಾಗ ಕರೆಲನನ್ನು ಕೇಳಿದರಂತೆ. ನಾವು ಹೊರೆಯಾಳುಗಳು, ನಿಮ್ಮ ಮಾರ್ಗದರ್ಶಿಗಳನ್ನೇ ಕೇಳಿ ಎಂಬ ಅರ್ಥದ ಉತ್ತರ ಬಂತಂತೆ. ಟಿಂಡಲ್ ಇದನ್ನು ಬೇರೆ ರೀತಿ ಹೇಳಿದ್ದಾನೆ. ನನಗಂತೂ ಇದು ಕರೆಲನ ಬಾಯಿಗೆ ಒಪ್ಪುವ ಮಾತಾಗಿಯೇ ತೋರುತ್ತದೆ.

ಎಡ್ವರ್ಡ್ ವಿಂಪರ್ ಎಂಬ ಇಂಗ್ಲಿಷ್ ತರುಣನಿಗೂ ಅದೇ ಬೆಟ್ಟದ ಹುಚ್ಚು. ಇಬ್ಬರೂ ಕೂಡಿ ಹತ್ತಿದ್ದುಂಟು, ಸೋತದ್ದೂ ಉಂಟು. 1865ರ ಜುಲೈ ತಿಂಗಳಲ್ಲಿ, ದೊಡ್ಡ ಮನೆತನದವರೊಡನೆ ಪ್ರವಾಸಕ್ಕೆ ಒಪ್ಪಿಕೊಂಡಿದ್ದೇನೆಂದು ಕರೆಲ್ ವಿಂಪರನಿಂದ ತಪ್ಪಿಸಿಕೊಂಡ. ನಿಜವಾಗಿ ಒಪ್ಪಿಕೊಂಡದ್ದು ಜೋರ್ದಾನೊ ಎಂಬ ಇಟಲಿಯ ಇಂಜಿನಿಯರನಿಗೆ, ಅದೂ ಇದೇ ಬೆಟ್ಟಕ್ಕೆ! ಇದು ಸರಿಯಲ್ಲ ಎನ್ನಬೇಕು. ಆದರೆ ಸ್ವಂತ ಮನೆಯ ಬಾಗಿಲನ್ನು ಪರರು ಮೊದಲು ತೆರೆಯಬಾರದೆಂಬ ಅವನ ಛಲವನ್ನೂ ನೆನೆಯಬೇಕು.

ವಿಂಪರ್ ರೇಗಿ, ಕಣಿವೆ ದಾಟಿ ಜೆರ್ಮಾಟಿಗೆ ಓಡಿದ. ಸಿಕ್ಕವರನ್ನು ಕೂಡಿಕೊಂಡು ಜುಲೈ 14ರಂದು ಆ ಕಡೆಯಿಂದ ತುದಿ ಮುಟ್ಟಿದ. ಕೆಳಗಿನ ಏಣಿನಲ್ಲಿ ಕರೆಲನ ತಂಡ ಚುಕ್ಕೆಗಳಂತೆ ಕಂಡಿತು. ಅವರು ತಲೆಯೆತ್ತಿ ನೋಡಲೆಂದು ಮೇಲಿನವರು ಕೂಗಿದರು, ಕಲ್ಲುಗಳನ್ನು ಉರುಳಿಸಿದರು. ಕರೆಲ್ ಹಿಂದಿರುಗಿದ. ಆ ದಿನವೇ ಇಳಿಯುವಾಗ ವಿಂಪರನ ಕಡೆಯ ಹಗ್ಗ ಹರಿದು ನಾಲ್ವರು ಬಿದ್ದು ಸತ್ತರು.

ಸೋತವನು ಎರಡು ದಿನದಲ್ಲಿ ಮತ್ತೆ ಹೊರಟ. ಈ ಸಲ ಜೋರ್ದಾನೊನನ್ನು ಕರೆದೊಯ್ಯಲಿಲ್ಲ. ಆಮೆ ಗೊರೆ ಎಂಬ ಪಾದ್ರಿ ಜೊತೆಗೂಡಿದ. 17ರಂದು ತುದಿಯ ಹತ್ತಿರ ಒಂದು ಕೊರಕಲು. ಅದಕ್ಕೆ ಇಳಿದವರು ಮೇಲೆ ಬರಬೇಕಾದರೆ ಹಗ್ಗ ಹಿಡಿಯಲು ಯಾರಾದರೂ ಅಲ್ಲೇ ನಿಲ್ಲಬೇಕು. ಗೊರೆ ಮತ್ತು ಮೆಯ್ನೆ ನಿಂತರು. ಕರೆಲ್ ಮತ್ತು ಬಿಶ್ ತುದಿ ಸೇರಿದರು. ಕಲ್ಲೆಸೆತದ ದೂರದಿಂದ ಹಿಂದೆ ಬಂದ ಆ ಇಬ್ಬರ ಹೆಸರನ್ನು ಯಾರೂ ಬಿಟ್ಟು ಹೇಳಬಾರದು.

ವಿಂಪರ್ ಹಗೆ ಸಾಧಿಸಲಿಲ್ಲ. ದಕ್ಷಿಣ ಅಮೆರಿಕಕ್ಕೆ ಹೊರಟಾಗ ಕರೆಲನನ್ನೇ ಕರೆದ. 1880ರ ಜನವರಿ 4ರಂದು ಅವರಿಬ್ಬರೂ ಲೂಯಿ ಕರೆಲನೂ ಆರು ಸಾವಿರ ಮೀಟರಿಗೂ ಮೀರಿದ ಚಿಂಬೊರಾಸೊ ಶಿಖರವನ್ನು ಮೊದಲ ಬಾರಿಗೆ ಹತ್ತಿದರು. ಕೆಲವರು ನಂಬಲಿಲ್ಲ, ಜುಲೈನಲ್ಲಿ ಇನ್ನೊಮ್ಮೆ ಹತ್ತಿ ತೋರಿಸಿದರು.

1890ರ ಆಗಸ್ಟಿನಲ್ಲಿ ಲಿಯೋನೆ ಸಿನಿಗಾಲ್ಯ ಎಂಬ ಇಪ್ಪತ್ತೆರಡರ ಸಂಗೀತಗಾರನನ್ನು ಕರೆಲ್ ಮ್ಯಾಟರ್‌ಹಾರ್ನಿಗೆ ಕರೆದೊಯ್ದ. ಕರೆಲನಿಗೆ ಆಗ ಅರವತ್ತೊಂದು. ಬಿರುಗಾಳಿ ಗುಡಿಸಲಿನಲ್ಲೇ ಅವರನ್ನು ಕಟ್ಟಿಹಾಕಿತು. ಸೌದೆ, ಆಹಾರ ತೀರುತ್ತ ಬಂದವು. ಇಳಿಯದೆ ಗತಿಯಿಲ್ಲ. ಹಗ್ಗಗಳು ಹೆಪ್ಪುಗಟ್ಟಿದ್ದವು, ಬಂಡೆಗೆ ಮಂಜು ಹಿಡಿದಿತ್ತು. ಮುದುಕ ಹಗಲೆಲ್ಲ, ಕತ್ತಲಾದ ಮೇಲೂ, ತಂಡವನ್ನು ನಡೆಸಿದ. ಅಪಾಯದ ಜಾಗವೆಲ್ಲ ಮುಗಿದು ಹುಲ್ಲುಗಾವಲು ಹತ್ತಿರವಾದಾಗ ಕುಸಿದ, ಮತ್ತೆ ಏಳಲಿಲ್ಲ. ಸಿನಿಗಾಲ್ಯ ಬದುಕಿ ಮನೆ ಸೇರಿದ.

ಅವನು ಬಿದ್ದ ಕಡೆ, ಬ್ರೂಯ್ ಊರಿನಿಂದ ಮೇಲೆ ಹೋಗುವ ದಾರಿಯಲ್ಲಿ, ಒಂದು ಶಿಲುಬೆ ನೆಟ್ಟಿದ್ದಾರೆ.