ಹಿಂದೆಗೆದ ದಾವೆ, ಉಳಿಸಿಕೊಂಡ ಹಕ್ಕು



ಕನ್ನಂಬಾಡಿಯ ಕಟ್ಟೆಯ ಬಾಗಿಲುಗಳನ್ನು ನಾವೆಲ್ಲರೂ ಕಂಡವರೆ. ಬಾಗಿಲನ್ನಿಳಿಸಿದರೆ ನಾಲೆಗೆ ನೀರು ನಿಲ್ಲುತ್ತದೆ. ಬೇಕಾದಾಗ ಮತ್ತೆ ಎತ್ತಬಹುದು. ನ್ಯಾಯಾಲಯದಿಂದ ದಾವೆಯನ್ನು ಹಿಂದೆಗೆದುಕೊಳ್ಳುವವರು ತಮ್ಮ ಹಕ್ಕೂ ಹೀಗೆಯೇ ಎಂದು ನಂಬಿರುತ್ತಾರೆ. ಆ ನಂಬಿಕೆ ಎಷ್ಟರಮಟ್ಟಿಗೆ ಸರಿ ಎಂಬುದನ್ನು ಈ ದಿನ ವಿಚಾರಮಾಡೋಣ.

ಪಾಂಡವಪುರದ ಕಡೆಯ ರೈತನೊಬ್ಬನು ನಾಲೆಗಾಗಿ ಹೋದ ತನ್ನ ಭೂಮಿಯ ವಿಷಯದಲ್ಲಿ ಸರ್ಕಾರದ ಮೇಲೆ ದಾವೆ ಹೂಡಿದನೆಂದು ಭಾವಿಸೋಣ. ತುರ್ತಿನ ಸಂದರ್ಭವನ್ನುಳಿದು, ಸರ್ಕಾರದ ಮೇಲೆ ದಾವೆ ಹೂಡುವ ಮುನ್ನ ಎರಡು ತಿಂಗಳ ನೋಟೀಸು ಕೊಡಬೇಕೆಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೆಯ ಪ್ರಕರಣವು ವಿಧಿಸುತ್ತದೆ. ಅವನು ಅದನ್ನು ಕೊಟ್ಟಿಲ್ಲ. ಹಕ್ಕು ನ್ಯಾಯವಾದದ್ದೇ; ದೋಷವಿರುವುದು ಕ್ರಮದಲ್ಲಿ. ಇಂಥ ದಾವೆಯನ್ನು ಸೋಲುವ ತನಕ ಎಳೆಯುವುದಕ್ಕಿಂತ ಹಿಂದೆಗೆದುಕೊಂಡು, ನೋಟೀಸು ಕೊಟ್ಟು, ಮತ್ತೆ ಹೂಡುವುದೇ ಜಾಣತನ.

ಆದರೆ ಇಲ್ಲಿಯೇ ಎಚ್ಚರ ಬೇಕು. 1908ರ ಆ ಸಂಹಿತೆಯ 23ನೆಯ ಆದೇಶದ ಮೊದಲನೆಯ ನಿಯಮದಂತೆ, ವಾದಿಯು ನ್ಯಾಯಾಲಯದ ಅನುಮತಿಯಿಲ್ಲದೆ ದಾವೆಯನ್ನು ಬಿಟ್ಟುಕೊಟ್ಟರೆ ಅದೇ ವಿಷಯವಾಗಿ ಹೊಸ ದಾವೆ ಹೂಡಲು ಅವನಿಗೆ ಅಧಿಕಾರವಿಲ್ಲ. ಕ್ರಮದೋಷದಿಂದ ದಾವೆ ಬಿದ್ದುಹೋಗುವಂತಿದ್ದರೆ, ಅಥವಾ ಬೇರೆ ಸಾಕಷ್ಟು ಕಾರಣವಿದ್ದರೆ, ನ್ಯಾಯಾಧೀಶರು ತಕ್ಕ ಷರತ್ತುಗಳೊಡನೆ ಅನುಮತಿ ಕೊಡಬಹುದು. ಅದು ಆಜ್ಞೆಯಲ್ಲಿ ಬರಹವಾಗಿ ಬಂದಿರಬೇಕು. ಎದುರು ಪಕ್ಷದವರ ಬಾಯಿಮಾತಿನ ಭರವಸೆಯು ಇದಕ್ಕೆ ಬದಲಾಗಲಾರದು.

ಅನುಮತಿ ದೊರೆತ ಮಾತ್ರಕ್ಕೆ ಕಾಲವೂ ಕಾದುಕೊಂಡಿರುವುದಿಲ್ಲ. ಕಾಲಮಿತಿಯ ಲೆಕ್ಕದಲ್ಲಿ ಮೊದಲನೆಯ ದಾವೆ ಹೂಡಿಯೇ ಇರಲಿಲ್ಲವೆಂಬಂತೆ ಎಣಿಸಬೇಕೆಂದು ಎರಡನೆಯ ನಿಯಮವು ಹೇಳುತ್ತದೆ. ಅನುಮತಿ ಪಡೆದು ಮನೆಯಲ್ಲಿ ಕುಳಿತವನು ಕಾಲ ಮೀರಿ ಹಕ್ಕನ್ನು ಕಳೆದುಕೊಂಡಾನು. ಉಚ್ಚ ನ್ಯಾಯಾಲಯದ ರಿಟ್ ಅರ್ಜಿಗಳಿಗೂ ಇದೇ ತತ್ತ್ವವು ಸಲ್ಲುವುದೆಂದು ಸರ್ವೋಚ್ಚ ನ್ಯಾಯಾಲಯವು 1986ರಲ್ಲಿ ಸರ್ಗುಜಾ ಸಾರಿಗೆ ಸಂಸ್ಥೆಯ ಮೊಕದ್ದಮೆಯಲ್ಲಿ ತೀರ್ಪಿತ್ತಿತು.

ಇನ್ನು ಈ ಕಟ್ಟೆಯ ನೀರಿನ ವ್ಯಾಜ್ಯವನ್ನೇ ನೋಡೋಣ. 1924ರಲ್ಲಿ ಮೈಸೂರಿಗೂ ಮದರಾಸಿಗೂ ಆದ ಒಪ್ಪಂದವು ಎಲ್ಲರಿಗೂ ತಿಳಿದುದೆ. 1971ರಲ್ಲಿ ತಮಿಳುನಾಡು, ವಿವಾದವನ್ನು ನ್ಯಾಯಮಂಡಲಿಗೆ ಒಪ್ಪಿಸಬೇಕೆಂದು ಸರ್ವೋಚ್ಚ ನ್ಯಾಯಾಲಯದಲ್ಲಿ ದಾವೆ ಹೂಡಿತು. ಸಂಧಾನದ ಆಸೆಯಿಂದ 1972ರಲ್ಲಿ ಅದನ್ನು ಹಿಂದೆಗೆದುಕೊಂಡಿತು. ದಾವೆ ಹೋಯಿತು, ವ್ಯಾಜ್ಯ ಹೋಗಲಿಲ್ಲ. ವರ್ಷಗಟ್ಟಲೆ ಮಾತುಕತೆ ನಡೆದೂ ಇತ್ಯರ್ಥವಾಗಲಿಲ್ಲ. 1983ರಲ್ಲಿ ತಂಜಾವೂರು ಸೀಮೆಯ ರೈತರ ಸಂಘವೊಂದು ಬೇರೆ ಅರ್ಜಿಯೊಡನೆ ಅದೇ ನ್ಯಾಯಾಲಯಕ್ಕೆ ಹೋಯಿತು. 1990ರಲ್ಲಿ ನ್ಯಾಯಮಂಡಲಿ ರಚಿತವಾಯಿತು. ಅದರ ಅಂತಿಮ ತೀರ್ಪು ಬಂದುದು 2007ರಲ್ಲಿ, ಸರ್ವೋಚ್ಚ ನ್ಯಾಯಾಲಯದ ನಿರ್ಣಯ 2018ರಲ್ಲಿ.

ರಾಜ್ಯಗಳ ವ್ಯಾಜ್ಯಕ್ಕೆ ಇನ್ನೊಂದು ಬಾಗಿಲು ತೆರೆಯಿತು. ಎರಡು ಎಕರೆ ಗದ್ದೆಯ ರೈತನಿಗೆ ಅಂಥ ಬಾಗಿಲುಗಳು ಹಲವಿರುವುದಿಲ್ಲ. ಆದುದರಿಂದ ಊರ ಹಿರಿಯರು ರಾಜಿಗೆ ಕರೆದರೆ ಸಂತೋಷದಿಂದ ಹೋಗೋಣ. ದಾವೆಯನ್ನು ಹಿಂದೆಗೆಯುವುದು ಅವಮಾನವೂ ಅಲ್ಲ, ಸೋಲೂ ಅಲ್ಲ. ಆದರೆ ರುಜು ಹಾಕುವ ಮುನ್ನ ವಕೀಲರನ್ನು ಒಂದು ಮಾತು ಕೇಳೋಣ: ‘ಸ್ವಾಮಿ, ಮತ್ತೆ ಹೂಡುವ ಅನುಮತಿಯನ್ನು ಇದರಲ್ಲಿ ಬೇಡಿದ್ದೀರಾ?’ ಆ ಒಂದು ಪ್ರಶ್ನೆಯಿಂದ ಮನೆಯ ಭೂಮಿ ಉಳಿದೀತು.