ಬಿಸಿಲನ್ನು ಸ್ಟುಡಿಯೊ ಒಳಗೆ ತಂದವರು



"ಮುಂದೆ ಏನಾಗ್ತೀಯ?" ಅಂತ ಇಲ್ಲಿರುವ ಆಂಟಿ, ಅಂಕಲ್‌ಗಳು ಬಹಳ ಜನ ನನ್ನನ್ನು ಕೇಳಿದ್ದೀರಿ. ಸಿನಿಮಾ ಛಾಯಾಗ್ರಾಹಕ ಅಂದರೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ಅದು ಸರಿ, ಕೆಲಸ ಏನು ಮಾಡ್ತೀಯ?" ಅಂತೀರಿ. ಅದಕ್ಕೇ ಇವತ್ತು ಅದನ್ನೇ ಕೆಲಸವಾಗಿ ಮಾಡಿದ ಒಬ್ಬ ಕನ್ನಡಿಗರ ಬಗ್ಗೆ ಹೇಳುತ್ತೇನೆ.

ವಿ.ಕೆ. ಮೂರ್ತಿಯವರು 1923ರಲ್ಲಿ ಮೈಸೂರಿನಲ್ಲಿ ಹುಟ್ಟಿದರು. ಸ್ವಾತಂತ್ರ್ಯ ಹೋರಾಟದಲ್ಲಿ ಜೈಲಿಗೂ ಹೋಗಿದ್ದರು. ಪಿಟೀಲು ನುಡಿಸುತ್ತಿದ್ದರು. ಬೆಂಗಳೂರಿನ ಎಸ್.ಜೆ. ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಮುಗಿಸಿದ್ದು 1946ರಲ್ಲಿ. ದೇಶಕ್ಕೆ ಇನ್ನೂ ಸ್ವಾತಂತ್ರ್ಯವೇ ಬಂದಿರಲಿಲ್ಲ, ಬೆಂಗಳೂರಿನಲ್ಲಿ ಸಿನಿಮಾ ಕ್ಯಾಮೆರಾ ಕಲಿಸುತ್ತಿದ್ದರು! ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಶುರುವಾದದ್ದು 1960ರಲ್ಲಿ.

ಆಮೇಲೆ ಬೊಂಬಾಯಿ. ಅಲ್ಲಿ ಬೇರೆಯವರ ಕೈಕೆಳಗೆ ಸಹಾಯಕ. 1951ರ 'ಬಾಜಿ' ಸಿನಿಮಾದಲ್ಲಿ ಇವರು ಹೇಳಿಕೊಟ್ಟ ಒಂದು ಕಷ್ಟದ ಶಾಟ್ ಗುರುದತ್ ಅವರಿಗೆ ಹಿಡಿಸಿತು. ಮರುವರ್ಷದ 'ಜಾಲ್'ಗೆ ಇವರೇ ಛಾಯಾಗ್ರಾಹಕರು. ಡಿಪ್ಲೊಮಾ ಮುಗಿಸಿ ಆರು ವರ್ಷ ಆಗಿತ್ತು. ಅಪ್ಪ, ಈ ಆರು ವರ್ಷದ ಲೆಕ್ಕ ನಿಮಗೆ ಇಷ್ಟವಾಗಲ್ಲ ಅಂತ ಗೊತ್ತು. ಆದರೂ ಮುಚ್ಚಿಡೋದು ಸರಿಯಲ್ಲ ಅಂತ ಹೇಳ್ತಿದ್ದೀನಿ.

ಈಗ ನನಗೆ ತುಂಬ ಇಷ್ಟವಾದ ಭಾಗ. 1959ರ 'ಕಾಗಜ್ ಕೆ ಫೂಲ್' ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರ ಒಂದು ಹಾಡಿನಲ್ಲಿ ಕತ್ತಲೆ ತುಂಬಿದ ಸ್ಟುಡಿಯೊ ಒಳಗೆ ಮೇಲಿನಿಂದ ಒಂದು ಬೆಳಕಿನ ಕಂಬ ಇಳಿಯುತ್ತದೆ. ಸ್ಟುಡಿಯೊ ದೀಪದಲ್ಲಿ ಅದು ಸುಲಭವಲ್ಲ, ದೀಪ ಹತ್ತಿರ ಇರುವುದರಿಂದ ಕಿರಣಗಳು ಹರಡಿಬಿಡುತ್ತವೆ. ಸೂರ್ಯ ಬಹಳ ದೂರ, ಹಾಗಾಗಿ ಬಿಸಿಲಿನ ಕಿರಣಗಳು ಹೆಚ್ಚುಕಡಿಮೆ ಸಮಾನಾಂತರವಾಗಿಯೇ ಬರುತ್ತವೆ. ಮೂರ್ತಿಯವರು ಎರಡು ದೊಡ್ಡ ಕನ್ನಡಿ ತರಿಸಿದರು. ಒಂದು ಹೊರಗಿನ ಬಿಸಿಲನ್ನು ಹಿಡಿದು ಒಳಕ್ಕೆ ಕಳಿಸಿತು, ಇನ್ನೊಂದು ಅದನ್ನು ಕೆಳಕ್ಕೆ ತಿರುಗಿಸಿತು. ಅಷ್ಟೇ! ನಮ್ಮ ಜಿ.ಸಿ.ಎಸ್.ಇ. ಫಿಸಿಕ್ಸ್ ಪುಸ್ತಕದ ಪ್ರತಿಫಲನದ ಪಾಠ. (ಕಿಂಗ್ಸ್‌ಬರಿಯ ಡಿಸೆಂಬರ್‌ನಲ್ಲಿ ಇದನ್ನು ಮಾಡೋಕೆ ಹೋದರೆ ಕನ್ನಡಿ ಇರುತ್ತೆ, ಬಿಸಿಲು ಇರಲ್ಲ.)

ಆ ಸಿನಿಮಾ ಓಡಲಿಲ್ಲ. ಆದರೆ ಮೂರ್ತಿಯವರಿಗೆ ಫಿಲಂಫೇರ್ ಪ್ರಶಸ್ತಿ ಬಂತು. 1964ರಲ್ಲಿ ಗುರುದತ್ ತೀರಿಕೊಂಡರು. ಅಷ್ಟು ಹೊಂದಿಕೊಂಡಿದ್ದ ಜೊತೆಗಾರ ಹೋದ ಮೇಲೂ ಮೂರ್ತಿ ಕೆಲಸ ಬಿಡಲಿಲ್ಲ. ದೂರದರ್ಶನದ 'ಭಾರತ್ ಏಕ್ ಖೋಜ್' ಚಿತ್ರೀಕರಿಸಿದರು. ಎಪ್ಪತ್ತರ ಹತ್ತಿರ ಕನ್ನಡಕ್ಕೆ ಬಂದು, ತ್ರಿವೇಣಿಯವರ ಕಾದಂಬರಿ ಆಧರಿಸಿದ 'ಹೂವು ಹಣ್ಣು' ಸಿನಿಮಾಕ್ಕೆ ಕ್ಯಾಮೆರಾ ಹಿಡಿದರು. 2008ರ ಸಾಲಿನ ಫಾಲ್ಕೆ ಪ್ರಶಸ್ತಿ ಅವರಿಗೆ ಸಿಕ್ಕಿತು. ಆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕರು ಅವರೇ. ಸಿನಿಮಾ ಅಂದರೆ ನಟರು ಮಾತ್ರ ಅಂದುಕೊಂಡಿರುವವರಿಗೆ ನಾನು ಇದನ್ನು ಎರಡು ಸಲ ಹೇಳುತ್ತೇನೆ.

ಸೆಪ್ಟೆಂಬರ್‌ನಲ್ಲಿ ನನಗೆ ಎ ಲೆವೆಲ್ ಶುರು. ಮ್ಯಾಥ್ಸ್, ಫಿಸಿಕ್ಸ್ ಎರಡಕ್ಕೂ ಮನೆಯಲ್ಲಿ ಒಪ್ಪಿಗೆ ಇದೆ. ಮೂರನೆಯದು ಫೋಟೊಗ್ರಫಿ ಅಂತ ನಾನು, ಕೆಮಿಸ್ಟ್ರಿ ಅಂತ ಅಪ್ಪ. ಅಮ್ಮ ಇನ್ನೂ ಯಾರ ಕಡೆಯೂ ಇಲ್ಲ. ಆಗಸ್ಟ್‌ನಲ್ಲಿ ರಿಸಲ್ಟ್ ಬರುವವರೆಗೆ ಮಾತುಕತೆ ನಡೆಯುತ್ತೆ. ಈ ಭಾಷಣ ನನ್ನ ಕಡೆಯ ವಾದ ಅಂತ ಅಪ್ಪನಿಗೆ ಈಗ ಗೊತ್ತಾಗಿರಬೇಕು, ಮೂರನೇ ಸಾಲಿನಲ್ಲಿ ಕೂತು ನಗುತ್ತಿದ್ದಾರೆ.